ಕಳ್ಳ ಕ್ಯಾಮೆರಾ ಹುಡುಕುವ ಡಬ್ಬಿ: ದುಡ್ಡು ಕೊಟ್ಟರೆ ನಿದ್ದೆ ಬರುತ್ತಾ?

ಹೊಸ ಪಿಜಿ ರೂಮು. ಹಳೇ ಚಿಲಕ ಕಿತ್ತ ಜಾಗದಲ್ಲಿ ಬಾಗಿಲಿಗೊಂದು ತೂತು. ಎದುರು ಮಹಡಿಯಲ್ಲಿ ಒಬ್ಬ ದಿನಾ ರಾತ್ರಿ ಒಂಬತ್ತರ ಹೊತ್ತಿಗೆ ಫೋನ್ ಹಿಡಿದು ಈ ಕಡೆಗೇ ಮುಖ ಮಾಡಿ ನಿಂತಿರುತ್ತಾನೆ. ಮೂರು ದಿನ ತಲೆಗೆ ಹಾಕಿಕೊಳ್ಳದವರಿಗೂ ನಾಲ್ಕನೇ ದಿನ ಅನುಮಾನ ಹತ್ತುತ್ತೆ. ಆಗ ಫೋನಿನಲ್ಲಿ ಹುಡುಕಿದರೆ ಮೊದಲು ಕಣ್ಣಿಗೆ ಬೀಳುವುದು ಅಂಗೈಯಗಲದ ಕಪ್ಪು ಡಬ್ಬಿ: ತಲೆ ಮೇಲೊಂದು ಎಳೆದರೆ ಉದ್ದವಾಗುವ ಆಂಟೆನಾ, ಎದೆ ಮೇಲೆ ಸಾಲು ದೀಪ, ಪಕ್ಕದಲ್ಲಿ ತಿರುಗಿಸುವ ಗುಂಡಿ, ಮಧ್ಯೆ ಕೆಂಪು ಗಾಜಿನ ಕಿಂಡಿ. ಬೆಲೆ ಹೆಚ್ಚುಕಮ್ಮಿ ಸಾವಿರದಿಂದ ಎರಡೂವರೆ ಸಾವಿರ. ಒಂದೇ ಅಚ್ಚಿನ ಮಾಲು ಹತ್ತಾರು ಹೆಸರಿನಲ್ಲಿ ಬರುವುದರಿಂದ ಇದು ಒಂದು ಕಂಪನಿಯ ವಿಮರ್ಶೆ ಅಲ್ಲ, ಆ ಅಚ್ಚಿನದು.

ಡಬ್ಬಿ ಮೂರು ಕೆಲಸ ಮಾಡುತ್ತೆ ಅಂತ ಮೇಲೆ ಬರೆದಿರುತ್ತೆ. ರೇಡಿಯೋ ಸಿಗ್ನಲ್ ಹಿಡಿಯುವುದು, ಲೆನ್ಸ್ ತೋರಿಸುವುದು, ಅಯಸ್ಕಾಂತ ಪತ್ತೆ ಮಾಡುವುದು. ಲೆನ್ಸ್ ಕೆಲಸ ಚೆನ್ನಾಗಿ ಮಾಡುತ್ತೆ. ರೇಡಿಯೋ ಕೆಲಸ ಅರೆಬರೆ. ಅಯಸ್ಕಾಂತದ್ದು ಲೆಕ್ಕಕ್ಕಿಲ್ಲ. ದೊಡ್ಡ ತೊಡಕು ಇರುವುದು ಆ ಅರೆಬರೆಯಲ್ಲೇ. ಬಳಸುವ ಕ್ರಮ ತಿಳಿಯದವರ ಕೈಯಲ್ಲಿ ಈ ಡಬ್ಬಿ ಖಾಲಿ ಗೋಡೆಗೂ ಕುಂಯ್ ಅನ್ನುತ್ತೆ, ನಿಜವಾದ ಕ್ಯಾಮೆರಾದ ಮುಂದೆ ತೆಪ್ಪಗಿರುತ್ತೆ. ಮೊದಲೇ ಬೆದರಿದ ಮನಸ್ಸಿಗೆ ಇದಕ್ಕಿಂತ ಕೆಟ್ಟ ಜೊತೆಗಾರ ಇಲ್ಲ.

ಕುಂಯ್ ಯಾಕೆ ಅನ್ನುತ್ತೆ

ಬಹುತೇಕ ಡಬ್ಬಿಗಳ ಮೇಲೆ 1 ಮೆಗಾಹರ್ಟ್ಸ್‌ನಿಂದ 6.5 ಗಿಗಾಹರ್ಟ್ಸ್ ತನಕ ಅಂತ ಅಚ್ಚು ಹಾಕಿರುತ್ತಾರೆ. ಕೇಳಲು ಭಾರಿ ಅನ್ನಿಸುತ್ತೆ. ಅದರ ಅರ್ಥ ಇಷ್ಟೇ: ಈ ಪಟ್ಟಿಯೊಳಗೆ ಗಾಳಿಯಲ್ಲಿ ಏನೇ ಓಡಾಡಿದರೂ ಎಲ್ಲವನ್ನೂ ಒಂದೇ ಬುಟ್ಟಿಗೆ ಹಾಕಿಕೊಂಡು, ಒಟ್ಟು ಜೋರು ಎಷ್ಟು ಅಂತ ದೀಪದಲ್ಲಿ ತೋರಿಸುತ್ತೆ. ನಮ್ಮಲ್ಲಿ ಮೊಬೈಲ್ ಟವರ್‌ಗಳ ಸಿಗ್ನಲ್ 700 ಮೆಗಾಹರ್ಟ್ಸ್‌ನಿಂದ 3.5 ಗಿಗಾಹರ್ಟ್ಸ್ ಆಸುಪಾಸಿನವರೆಗೆ ಹರಡಿದೆ. ವೈಫೈ 2.4 ಮತ್ತು 5 ಗಿಗಾಹರ್ಟ್ಸ್‌ನಲ್ಲಿ, ಬ್ಲೂಟೂತ್ 2.4ರಲ್ಲಿ. ಅಂದ್ರೆ ಪಕ್ಕದ ರೂಮಿನ ಹುಡುಗಿಯ ಇಯರ್‌ಬಡ್, ಕೆಳಗಿನ ಮನೆಯ ರೂಟರ್, ರಸ್ತೆಯಾಚೆ ಕಟ್ಟಡದ ಮೇಲಿನ ಟವರ್, ನಿಮ್ಮದೇ ಸ್ಮಾರ್ಟ್ ವಾಚು, ಎಲ್ಲವೂ ಒಂದೇ ದೀಪ. ಅಗ್ಗದ ಎಲ್‌ಇಡಿ ಬಲ್ಬಿನೊಳಗಿನ ಸರ್ಕ್ಯೂಟ್ ಕೂಡ ಹತ್ತಿರ ಹೋದರೆ ಒಂದೆರಡು ದೀಪ ಹತ್ತಿಸಬಲ್ಲದು.

ಹಾಗಾಗಿ ಆನ್ ಮಾಡಿದ ತಕ್ಷಣ ಗೋಡೆಗೆ ಹಿಡಿಯಬಾರದು. ಕ್ರಮ ಹೀಗೆ. ನಿಮ್ಮ ಫೋನ್ ಏರೋಪ್ಲೇನ್ ಮೋಡ್‌ಗೆ ಹಾಕಿ, ವೈಫೈ ಮತ್ತು ಬ್ಲೂಟೂತ್ ಬೇರೆಯಾಗಿ ಆಫ್ ಆಗಿದೆಯಾ ನೋಡಿ. ಏರೋಪ್ಲೇನ್ ಮೋಡ್ ಹಾಕಿದರೂ ಎಷ್ಟೋ ಫೋನುಗಳಲ್ಲಿ ಬ್ಲೂಟೂತ್ ಉಳಿದಿರುತ್ತೆ. ವಾಚು, ಇಯರ್‌ಬಡ್, ಲ್ಯಾಪ್‌ಟಾಪ್ ಆಫ್. ಆಂಟೆನಾ ಪೂರ್ತಿ ಎಳೆಯಿರಿ. ರೂಮಿನ ಮಧ್ಯೆ ನಿಂತು ಗುಂಡಿಯನ್ನು ಕೊನೆ ತನಕ ಏರಿಸಿ, ಆಮೇಲೆ ಮೊದಲನೇ ದೀಪ ಆರಿಯೂ ಆರದ ಹಾಗೆ ಮಿಣುಕುವ ಜಾಗಕ್ಕೆ ಇಳಿಸಿ. ಆ ರೂಮಿಗೆ ಅದೇ ಸೊನ್ನೆ. ಈಗ ಗೋಡೆ, ಪ್ಲಗ್, ಫ್ಯಾನಿನ ಬುಡದ ಬಟ್ಟಲು, ಗಡಿಯಾರ ಇವುಗಳಿಂದ ನಾಲ್ಕು ಬೆರಳಿನ ಅಂತರದಲ್ಲಿ ನಿಧಾನಕ್ಕೆ ಸವರಿಕೊಂಡು ಹೋಗಿ. ಹತ್ತು ಅಡಿಗೆ ಹನ್ನೆರಡು ಅಡಿ ರೂಮಿಗೆ ಹತ್ತು ನಿಮಿಷವಾದರೂ ಬೇಕು. ಎರಡು ನಿಮಿಷದಲ್ಲಿ ಮುಗಿಸಿದರೆ ಹುಡುಕಿದ ಹಾಗಲ್ಲ, ಮಂಗಳಾರತಿ ಎತ್ತಿದ ಹಾಗೆ.

ದೀಪ ಏರಿತು ಅಂದುಕೊಳ್ಳಿ. ಅಲ್ಲೇ ಗಾಬರಿ ಬೀಳುವ ಬದಲು ಡಬ್ಬಿಯನ್ನು ಒಂದು ಗೇಣು ಹಿಂದಕ್ಕೆ ತನ್ನಿ. ಮೂಲ ಹತ್ತಿರವೇ ಇದ್ದರೆ ಆ ಒಂದು ಗೇಣಿಗೆ ದೀಪ ಧಡಕ್ಕನೆ ಇಳಿಯಬೇಕು. ಮತ್ತೆ ಹತ್ತಿರ ಹಿಡಿದರೆ ಏರಬೇಕು. ಹಿಂದೆ ಮುಂದೆ ಆದರೂ ದೀಪ ಹಾಗೇ ಇದ್ದರೆ ಅದು ದೂರದ್ದು, ಟವರ್ ಅಥವಾ ಬೇರೆ ಮನೆಯ ರೂಟರ್. ಕಿಟಕಿ ಹತ್ತಿರ ಹೋದಂತೆ ಏರಿ, ಒಳಗೆ ಬಂದಂತೆ ಇಳಿದರೂ ಅದೇ ಕಥೆ. ಹತ್ತಿರದ್ದೇ ಅಂತ ಅನ್ನಿಸಿದರೆ ಗುಂಡಿಯನ್ನು ಇನ್ನಷ್ಟು ಇಳಿಸಿ, ಆಂಟೆನಾ ಮಡಚಿ, ಮತ್ತೆ ಸವರಿ. ಹೀಗೆ ಎರಡು ಮೂರು ಸಲ ಕಿರಿದು ಮಾಡಿದರೆ ಯಾವ ಪ್ಲಗ್ ಅನ್ನುವಲ್ಲಿಗೆ ಬಂದು ನಿಲ್ಲುತ್ತೆ.

ಸ್ವಂತ ಮನೆಯವರಿಗೆ ಇನ್ನೂ ಸುಲಭದ ದಾರಿ ಇದೆ. ಮೇನ್ ಎಂಸಿಬಿ ಇಳಿಸಿ, ಯುಪಿಎಸ್ ಕೂಡ ಆಫ್ ಮಾಡಿ, ಆಮೇಲೆ ಸವರಿ. ಮುಂಚೆ ಕುಂಯ್ ಅಂದ ಜಾಗ ಈಗ ಸುಮ್ಮನಾದರೆ ಅದು ಮನೆಯ ಕರೆಂಟಿನ ಮೇಲೆ ನಡೆಯುತ್ತಿದ್ದ ವಸ್ತು. ಒಂದೊಂದೇ ಸ್ವಿಚ್ ಹಾಕುತ್ತಾ ಬಂದರೆ ಸಿಕ್ಕಿಬೀಳುತ್ತೆ. ಸುಮ್ಮನಾಗದಿದ್ದರೆ ಹೊರಗಿನ ಸಿಗ್ನಲ್, ಇಲ್ಲವೇ ಬ್ಯಾಟರಿ ವಸ್ತು. ಮೈಸೂರು, ಮಂಡ್ಯದವರಿಗೆ ಚೆಸ್ಕಾಂ ಕರೆಂಟ್ ತೆಗೆದ ಹೊತ್ತೇ ಇದಕ್ಕೆ ಶುಭ ಮುಹೂರ್ತ. ಯುಪಿಎಸ್ ಆಫ್ ಮಾಡುವುದೊಂದು ಮರೆಯಬೇಡಿ, ರೂಟರ್ ಅದರ ಮೇಲೇ ಕೂತಿರುತ್ತೆ.

ಇನ್ನು ಡಬ್ಬಿಯ ಕುರುಡು. ಮೆಮೊರಿ ಕಾರ್ಡಿಗೆ ಮಾತ್ರ ರೆಕಾರ್ಡ್ ಮಾಡಿಕೊಳ್ಳುವ ಕ್ಯಾಮೆರಾ ಗಾಳಿಗೆ ಏನನ್ನೂ ಬಿಡುವುದಿಲ್ಲ. ಡಬ್ಬಿಗೆ ಅದು ಇಟ್ಟಿಗೆಗೆ ಸಮ. ವೈಫೈ ಕ್ಯಾಮೆರಾ ಕೂಡ ಯಾರೂ ನೋಡದಿದ್ದಾಗ, ಏನೂ ಅಲುಗಾಡದಿದ್ದಾಗ ಆಗೊಮ್ಮೆ ಈಗೊಮ್ಮೆ ಮಾತ್ರ ಸಣ್ಣ ಸಿಗ್ನಲ್ ಕಳಿಸುತ್ತೆ. ಆ ಚಣಕ್ಕೆ ನಿಮ್ಮ ಡಬ್ಬಿ ಅಲ್ಲಿರದಿದ್ದರೆ ತಪ್ಪಿಹೋಯಿತು. ಅದಕ್ಕೊಂದು ಉಪಾಯ: ಅನುಮಾನದ ವಸ್ತುವಿನ ಮುಂದೆ ಒಬ್ಬರು ಒಂದು ನಿಮಿಷ ಟವೆಲ್ ಬೀಸುತ್ತಿರಲಿ, ಇನ್ನೊಬ್ಬರು ಡಬ್ಬಿ ಹಿಡಿಯಲಿ. ಅಲುಗಾಟ ಕಂಡ ಕೂಡಲೇ ಚಿತ್ರ ಕಳಿಸುವ ಬಗೆಯದಾದರೆ ದೀಪ ಏರುತ್ತೆ.

ಲೆನ್ಸ್ ನೋಡುವ ಕಿಂಡಿ

ಡಬ್ಬಿಗೆ ಕೊಟ್ಟ ದುಡ್ಡು ವಸೂಲಾಗುವುದು ಇಲ್ಲಿ. ಕಿಂಡಿಯ ಸುತ್ತ ಕೆಂಪು ಎಲ್‌ಇಡಿಗಳು, ನಡುವೆ ಕೆಂಪು ಗಾಜು. ಯಾವ ಲೆನ್ಸ್ ಆದರೂ ತನ್ನ ಮೇಲೆ ಬಿದ್ದ ಬೆಳಕಿನಲ್ಲಿ ಒಂದಂಶವನ್ನು ಬಂದ ದಾರಿಯಲ್ಲೇ ವಾಪಸ್ ಕಳಿಸುತ್ತೆ, ರಾತ್ರಿ ಬೆಕ್ಕಿನ ಕಣ್ಣು ಹೊಳೆಯುವ ಹಾಗೆ. ಬೆಳಕು ನಿಮ್ಮ ಕಣ್ಣಿನ ಪಕ್ಕದಿಂದಲೇ ಹೋದರೆ ವಾಪಸ್ ಬಂದದ್ದು ನಿಮ್ಮ ಕಣ್ಣಿಗೇ ಬೀಳುತ್ತೆ. ಕ್ಯಾಮೆರಾ ಆನ್ ಇರಲಿ ಆಫ್ ಇರಲಿ, ವೈಫೈ ಇರಲಿ ಕಾರ್ಡ್ ಇರಲಿ, ಗಾಜು ಗಾಜೇ. ರೇಡಿಯೋ ಮೋಡಿನ ಕುರುಡು ಇದಕ್ಕಿಲ್ಲ.

ಕಿಟಕಿ ಪರದೆ ಎಳೆದು, ಲೈಟ್ ಆರಿಸಿ, ಕಿಂಡಿಯನ್ನು ಕಣ್ಣಿಗೆ ಒತ್ತಿ ಹಿಡಿಯಿರಿ. ಒಂದರಿಂದ ಎರಡು ಮೀಟರ್ ಒಳಗೆ ಕೆಲಸ ಪಕ್ಕಾ. ರೂಮಿನ ಈ ಗೋಡೆಯಿಂದ ಆ ಗೋಡೆಗೆ ನೋಡಿದರೆ ಪ್ರಯೋಜನ ಕಮ್ಮಿ. ತಲೆಯನ್ನು ನಿಧಾನಕ್ಕೆ ಎಡ ಬಲ ಆಡಿಸುತ್ತಾ ನೋಡಿ.

ಎಲ್ಲಿಂದ ನೋಡಬೇಕು ಅನ್ನುವುದರಲ್ಲೇ ಅರ್ಧ ಕೆಲಸ ಇದೆ. ಜನ ರೂಮೆಲ್ಲ ಸುತ್ತಿ ಬೀರು ಹಿಂದೆ, ಮಂಚದ ಕೆಳಗೆ ಬೆಳಕು ಬಿಡುತ್ತಾರೆ. ಬೇಕಿಲ್ಲ. ಕ್ಯಾಮೆರಾಕ್ಕೆ ನೀವು ಕಾಣಬೇಕಾದರೆ ನಿಮಗೂ ಅದರ ಕಣ್ಣು ಕಾಣಲೇಬೇಕು. ಹಾಗಾಗಿ ನೀವು ಬಟ್ಟೆ ಬದಲಿಸುವ ಜಾಗದಲ್ಲಿ, ಮಲಗುವ ಜಾಗದಲ್ಲಿ, ಸ್ನಾನಕ್ಕೆ ನಿಲ್ಲುವ ಜಾಗದಲ್ಲಿ ನಿಂತು ಅಲ್ಲಿಂದ ಹೊರಮುಖವಾಗಿ ಸುತ್ತ ನೋಡಿ. ಆಮೇಲೆ ಅಲ್ಲಿಂದ ಕಂಡ ಅನುಮಾನದ ವಸ್ತುವಿನ ಹತ್ತಿರ ಹೋಗಿ. ಬಟ್ಟೆ ಬದಲಿಸುವ ಜಾಗದಿಂದ ಕಾಣದ ಮೂಲೆಯ ಯೋಚನೆ ಬಿಡಿ.

ಹೊಳೆದದ್ದೆಲ್ಲ ಲೆನ್ಸ್ ಅಲ್ಲ. ಸ್ಟೀಲ್ ಸ್ಕ್ರೂ ಹೊಳೆಯುತ್ತೆ, ಟೈಲ್ಸ್ ಹೊಳೆಯುತ್ತೆ, ಗೀಸರ್ ಪೈಪಿನ ಕೆಳಗಿನ ನೀರ ಹನಿ ಹೊಳೆಯುತ್ತೆ. ಹಿಂದೆ ಇದ್ದವರು ಬಾತ್‌ರೂಮ್ ಕನ್ನಡಿಗೆ ಅಂಟಿಸಿಹೋದ ಕಲ್ಲಿನ ಸ್ಟಿಕ್ಕರ್ ಬೊಟ್ಟಂತೂ ಥೇಟ್ ಲೆನ್ಸಿನ ಹಾಗೆ ಹೊಳೆದು ಎದೆ ಝಲ್ ಅನ್ನಿಸುತ್ತೆ. ವ್ಯತ್ಯಾಸ ಇಲ್ಲಿದೆ. ಸ್ಕ್ರೂ, ಹನಿ, ಟೈಲ್ಸಿನ ಹೊಳಪು ನೀವು ತಲೆ ಆಡಿಸಿದ ಹಾಗೆ ಮೈಮೇಲೆ ಜಾರುತ್ತೆ, ಆಕಾರ ಬದಲಿಸುತ್ತೆ. ಲೆನ್ಸಿನದು ಒಂದೇ ಚುಕ್ಕೆ, ದುಂಡಗೆ, ಸಾಸಿವೆ ಕಾಳಿನಷ್ಟು. ತಲೆ ಆಡಿಸಿದರೂ ಅದೇ ಜಾಗದಲ್ಲಿ ಕೂತು, ಕೋನ ತಪ್ಪಿದ ಕೂಡಲೇ ಟಪ್ ಅಂತ ಆರುತ್ತೆ. ಖಾತರಿಗೆ ಬಿಳಿ ಟಾರ್ಚ್ ಹಿಡಿದು ಹತ್ತಿರದಿಂದ ನೋಡಿದರೆ ಕಪ್ಪು ತೂತಿನ ಆಳದಲ್ಲಿ ನೀಲಿಯೋ ನೇರಳೆಯೋ ಛಾಯೆ ಕಾಣುತ್ತೆ. ಅದು ಲೆನ್ಸ್ ಮೇಲಿನ ಲೇಪ.

ಮೇಲೆ ಹೇಳಿದ ಟಾರ್ಚಿನ ಮಾತು: ನೂರೈವತ್ತು ರೂಪಾಯಿಯ ಸಣ್ಣ ಎಲ್‌ಇಡಿ ಟಾರ್ಚನ್ನು ಕಣ್ಣಿನ ಪಕ್ಕ, ಕಿವಿ ಮತ್ತು ಹುಬ್ಬಿನ ನಡುವೆ ಒತ್ತಿ ಹಿಡಿದು ಇದೇ ಕ್ರಮದಲ್ಲಿ ನೋಡಿದರೂ ಲೆನ್ಸ್ ಸಿಗುತ್ತೆ. ಕೆಂಪು ಗಾಜು ಉಳಿದ ಬೆಳಕನ್ನು ತಡೆದು ಕೆಲಸ ಹಗುರ ಮಾಡುತ್ತೆ, ಅಷ್ಟೇ. ಫೋನಿನ ಟಾರ್ಚೂ ಆದೀತು, ಹಿಡಿಯುವುದು ತುಸು ಅಡ್ಡಾದಿಡ್ಡಿ.

ಕತ್ತಲಲ್ಲಿ ನೋಡುವ ಕ್ಯಾಮೆರಾಗಳು ಕಣ್ಣಿಗೆ ಕಾಣದ ಇನ್‌ಫ್ರಾರೆಡ್ ಬೆಳಕು ಬಿಡುತ್ತವೆ. 850 ನ್ಯಾನೋಮೀಟರ್‌ನದಾದರೆ ಕತ್ತಲಲ್ಲಿ ಮಂಕು ಕೆಂಡದ ಹಾಗೆ ಕಂಡೀತು, 940ರದು ಬರಿಗಣ್ಣಿಗೆ ಕಾಣಲ್ಲ. ಫೋನಿನ ಸೆಲ್ಫಿ ಕ್ಯಾಮೆರಾ ಇದನ್ನು ಬಿಳಿ ಅಥವಾ ನೇರಳೆ ಚುಕ್ಕೆಯಾಗಿ ತೋರಿಸಬಲ್ಲದು. ನಿಮ್ಮ ಫೋನಿಗೆ ಆ ಶಕ್ತಿ ಇದೆಯಾ ಅಂತ ಮೊದಲು ಟಿವಿ ರಿಮೋಟ್ ಹಿಡಿದು ಪರೀಕ್ಷೆ ಮಾಡಿ: ಬಟನ್ ಒತ್ತಿದಾಗ ರಿಮೋಟಿನ ತುದಿ ಮಿಂಚಿದರೆ ಫೋನ್ ಸರಿ. ಹಿಂದಿನ ಕ್ಯಾಮೆರಾದಲ್ಲಿ ಫಿಲ್ಟರ್ ಇರುವುದೇ ಹೆಚ್ಚು, ಅದರಲ್ಲಿ ಕಾಣಲಿಲ್ಲ ಅಂತ ಬಿಡಬೇಡಿ.

ಕನ್ನಡಿಗೆ ಉಗುರು ತಾಗಿಸಿ ಪ್ರತಿಬಿಂಬದ ನಡುವೆ ಸಂದಿ ಇದೆಯಾ ಅಂತ ನೋಡುವ ಪರೀಕ್ಷೆ ವಾಟ್ಸಾಪಿನಲ್ಲಿ ವರ್ಷಗಟ್ಟಲೆ ಸುತ್ತುತ್ತಿದೆ. ನಂಬಬೇಡಿ. ಬೆಳ್ಳಿ ಲೇಪ ಗಾಜಿನ ಮುಂದಿದೆಯೋ ಹಿಂದಿದೆಯೋ ಅನ್ನುವುದನ್ನಷ್ಟೇ ಅದು ಹೇಳುತ್ತೆ. ರೂಮಿನ ಲೈಟ್ ಆರಿಸಿ, ಕನ್ನಡಿಗೆ ಎರಡೂ ಅಂಗೈ ಬೊಗಸೆ ಮಾಡಿ ಮುಖ ಒತ್ತಿ, ಟಾರ್ಚನ್ನು ಗಾಜಿಗೇ ತಾಗಿಸಿ ಬಿಡಿ. ಹಿಂದೆ ಖಾಲಿ ಜಾಗ ಇದ್ದರೆ ಕಾಣುತ್ತೆ. ಗೋಡೆಯಿಂದ ಕಳಚಿ ನೋಡಬಹುದಾದ ಕನ್ನಡಿಯಾದರೆ ಈ ರಾಮಾಯಣವೇ ಬೇಡ.

ಡಬ್ಬಿ ಹುಡುಕದ ಜಾಗ

ಸಣ್ಣ ಬ್ಯಾಟರಿ ಕ್ಯಾಮೆರಾ ಕೆಲವೇ ಗಂಟೆ ಓಡುತ್ತೆ, ಆಮೇಲೆ ಯಾರಾದರೂ ಬಂದು ಚಾರ್ಜ್ ಮಾಡಬೇಕು. ಆದ್ದರಿಂದ ದಿನಗಟ್ಟಲೆ ಇಡುವವರು ಕರೆಂಟ್ ಸಿಗುವಲ್ಲೇ ಇಡುತ್ತಾರೆ: ಮೊಬೈಲ್ ಚಾರ್ಜರ್ ರೂಪದ ಅಡಾಪ್ಟರ್, ಸೊಳ್ಳೆ ಮೆಷಿನ್ ಸಿಕ್ಕಿಸುವ ಪ್ಲಗ್, ಬಲ್ಬ್ ಹೋಲ್ಡರ್, ಎಕ್ಸ್‌ಟೆನ್ಷನ್ ಬಾಕ್ಸ್, ಸೆಟ್‌ಟಾಪ್ ಬಾಕ್ಸಿನ ಪಕ್ಕ, ಹೊಗೆ ಪತ್ತೆ ಡಬ್ಬಿ. ಲಾಡ್ಜಿಗೆ ಹೋದ ಕೂಡಲೇ ನಿಮ್ಮದಲ್ಲದ ಅಡಾಪ್ಟರನ್ನೆಲ್ಲ ಕಿತ್ತು ಡ್ರಾಯರ್‌ಗೆ ಹಾಕಿ, ಮುಖ ಮಂಚಕ್ಕಿರುವ ಗೋಡೆ ಗಡಿಯಾರ ಇಳಿಸಿ ಮಲಗಿಸಿ. ಮೂರು ನಿಮಿಷದ ಕೆಲಸ. ಡಬ್ಬಿಯ ಹತ್ತು ನಿಮಿಷಕ್ಕಿಂತ ಇದರಿಂದ ಹೆಚ್ಚು ಲಾಭ.

ನಮ್ಮೂರ ಕಡೆಯ ಪಿಜಿ, ವಠಾರದ ಮನೆಗಳಲ್ಲಿ ಇದಕ್ಕೂ ದೊಡ್ಡ ಗಂಡಾಂತರ ಬಾತ್‌ರೂಮಿನ ವೆಂಟಿಲೇಟರ್. ಗಾಜಿನ ಪಟ್ಟಿಗಳನ್ನು ಓರೆಯಾಗಿ ಜೋಡಿಸಿದ ಆ ಕಿಂಡಿ ಪಕ್ಕದ ಮೆಟ್ಟಿಲಿಗೋ ಹಿತ್ತಲ ಓಣಿಗೋ ತೆರೆದಿರುತ್ತೆ. ಹೊರಗೆ ನಿಂತವನು ಕೈ ಎತ್ತಿ ಫೋನ್ ಹಿಡಿದರೆ ಸಾಕು, ಅವನಿಗೆ ಕಳ್ಳ ಕ್ಯಾಮೆರಾ ಯಾಕೆ? ಯಾವ ಡಬ್ಬಿಯೂ ಇದನ್ನು ಹಿಡಿಯಲ್ಲ. ಪಟ್ಟಿಗಳ ಒಳಮೈಗೆ ಮಂಜುಗಾಜಿನ ಸ್ಟಿಕ್ಕರ್ ಅಂಟಿಸಿ, ಪಟ್ಟಿಗಳ ಸಂದಿ ಮುಚ್ಚುವ ಹಾಗೆ ಒಳಗಡೆಯಿಂದ ಸೊಳ್ಳೆ ಜಾಲರಿ ಹೊಡೆಸಿ. ಗಾಳಿ ಆಡುತ್ತೆ, ಫೋನ್ ತೂರಲ್ಲ. ಜಾಲರಿಯನ್ನು ಹೊರಗಡೆ ಹೊಡೆಸಿದರೆ ಕತ್ತರಿಸಿದ್ದು ನಿಮಗೆ ಗೊತ್ತೇ ಆಗಲ್ಲ. ಚಿಲಕದ ಹಳೇ ತೂತಿಗೆ ಎಂ-ಸೀಲ್ ತುಂಬಿ. ಎರಡಕ್ಕೂ ಸೇರಿ ಡಬ್ಬಿಯ ಬೆಲೆಯ ಕಾಲು ಭಾಗ ಆಗಲಿಕ್ಕಿಲ್ಲ.

ಕಾರಿಡಾರಿನಲ್ಲಿ, ಗೇಟಿನಲ್ಲಿ ಕಾಣುವಂತೆ ಇರುವ ಸಿಸಿಟಿವಿ ಬೇರೆ ಮಾತು. ಕರ್ನಾಟಕದಲ್ಲಿ ಜನ ಹೆಚ್ಚು ಸೇರುವ ಸಂಸ್ಥೆಗಳು ಕ್ಯಾಮೆರಾ ಹಾಕಿ 30 ದಿನದ ರೆಕಾರ್ಡಿಂಗ್ ಇಟ್ಟುಕೊಳ್ಳಬೇಕು ಅಂತ 2017ರ ಸಾರ್ವಜನಿಕ ಸುರಕ್ಷತಾ ಕಾಯಿದೆಯೇ ಹೇಳುತ್ತೆ. ಅದು ನಿಮ್ಮ ರೂಮಿನ ಬಾಗಿಲೊಳಗೆ ಇಣುಕುವ ಕೋನದಲ್ಲಿದ್ದರೆ ಮಾಲೀಕರ ಮಾನಿಟರ್ ಮುಂದೆ ನಿಂತು, ಬಾಗಿಲು ತೆರೆಸಿ, ಏನು ಕಾಣುತ್ತೆ ಅಂತ ನೋಡಿ ಮಾತಾಡಿ. ಕೆಳಗೆ ನಿಂತು ಕ್ಯಾಮೆರಾದ ಮೂತಿ ನೋಡಿ ಅಂದಾಜು ಮಾಡಿದರೆ ಬಹುಪಾಲು ತಪ್ಪುತ್ತೆ.

ಸ್ಕೂಟರ್‌ಗೆ ನೀವು ಎಲ್ಲಿದ್ದೀರಿ ಅಂತ ತಿಳಿಸುವ ಟ್ರ್ಯಾಕರನ್ನು ಅಯಸ್ಕಾಂತದಿಂದ ಅಂಟಿಸಿದ್ದಾರೆ ಅನ್ನುವ ಭಯಕ್ಕೆ ಡಬ್ಬಿಯ ಮೂರನೇ ಮೋಡ್ ಇದೆ. ಅದು ಬರೀ ಕಬ್ಬಿಣಕ್ಕೆ ಮಾತಾಡಲ್ಲ, ಅಯಸ್ಕಾಂತಕ್ಕೆ ಮಾತ್ರ. ಎಂಜಿನ್ನಿನ ಮ್ಯಾಗ್ನೆಟೋ, ಎಲೆಕ್ಟ್ರಿಕ್ ಸ್ಕೂಟರಿನ ಮೋಟಾರು, ಸ್ಪೀಕರು ಎಲ್ಲಕ್ಕೂ ದೀಪ ಹತ್ತುತ್ತೆ. ರೇಡಿಯೋ ಮೋಡಿನಲ್ಲಿ ನೋಡೋಣ ಅಂದರೆ ಇಂದಿನ ಎಷ್ಟೋ ಎಲೆಕ್ಟ್ರಿಕ್ ಸ್ಕೂಟರುಗಳೊಳಗೆ ಕಂಪನಿಯದೇ ಸಿಮ್ ಇರುತ್ತೆ, ಅದೂ ಕುಂಯ್ ಅನ್ನುತ್ತೆ. ಕೈಯಿಂದಲೇ ತಡವಿ: ಸೀಟಿನ ಕೆಳಗಿನ ಡಿಕ್ಕಿಯ ತಳ, ಬ್ಯಾಟರಿ ಪಕ್ಕ, ಫುಟ್‌ಬೋರ್ಡಿನ ಅಡಿ, ನಂಬರ್ ಪ್ಲೇಟಿನ ಹಿಂಭಾಗ. ಕಾರಾದರೆ ಬಂಪರ್ ಒಳಮೈ, ಚಕ್ರದ ಮೇಲಿನ ಕಮಾನು, ಸ್ಟಿಯರಿಂಗ್ ಕೆಳಗೆ ಮೆಕ್ಯಾನಿಕ್ ಮೆಷಿನ್ ಸಿಕ್ಕಿಸುವ ಒಬಿಡಿ ಪೋರ್ಟ್. ಬ್ಯಾಟರಿಯಿಂದ ಹೊಸದಾಗಿ ಕವಲೊಡೆದ ವೈರ್ ಇದೆಯಾ ಅಂತ ಗೊತ್ತಿರುವ ಮೆಕ್ಯಾನಿಕ್ ಹತ್ತಿರ ಒಂದು ಸಲ ತೋರಿಸಿ.

ಬ್ಲೂಟೂತ್ ಟ್ಯಾಗ್ (ತಾನೆಲ್ಲಿದೆ ಅಂತ ಒಡೆಯನ ಫೋನಿಗೆ ತಿಳಿಸುವ ಬಿಲ್ಲೆ, ಆ್ಯಪಲ್ ಕಂಪನಿಯ ಏರ್‌ಟ್ಯಾಗ್ ಥರದ್ದು) ಹುಡುಕಲು ಈ ಡಬ್ಬಿಯನ್ನು ನಂಬಲೇಬೇಡಿ. ಅದು ಅರೆ ಕ್ಷಣದ ಮಿಣುಕನ್ನಷ್ಟೇ ಬಿಡುತ್ತೆ. ಫೋನೇ ಸಾಕು. 2024ರ ಮೇ ತಿಂಗಳಿಂದ ಆ್ಯಪಲ್ ಮತ್ತು ಗೂಗಲ್ ಎರಡೂ ಸೇರಿ, ಅಪರಿಚಿತ ಟ್ಯಾಗ್ ನಿಮ್ಮ ಜೊತೆ ಸುತ್ತುತ್ತಿದ್ದರೆ ಎಚ್ಚರಿಸುವ ವ್ಯವಸ್ಥೆ ಕೊಟ್ಟಿವೆ: ಐಫೋನಿನಲ್ಲಿ ಐಒಎಸ್ 17.5ರಿಂದ, ಆಂಡ್ರಾಯ್ಡ್‌ನಲ್ಲಿ 6.0ರಿಂದ ಈಚೆಗೆ. ಆಂಡ್ರಾಯ್ಡ್ ಸೆಟ್ಟಿಂಗ್ಸ್‌ನ ಸೇಫ್ಟಿ ಮತ್ತು ಎಮರ್ಜೆನ್ಸಿ ವಿಭಾಗದಲ್ಲಿ ಅಪರಿಚಿತ ಟ್ರ್ಯಾಕರ್ ಎಚ್ಚರಿಕೆ ಅಂತ ಇರುತ್ತೆ, ಅಲ್ಲೇ ಕೈಯಾರೆ ಸ್ಕ್ಯಾನ್ ಕೂಡ ಮಾಡಬಹುದು. ಏರ್‌ಟ್ಯಾಗ್ ಸಿಕ್ಕರೆ ಅದನ್ನು ಎನ್‌ಎಫ್‌ಸಿ (ತಾಗಿಸಿದರೆ ಓದುವ ಸೌಲಭ್ಯ) ಇರುವ ಫೋನಿನ ಬೆನ್ನಿಗೆ ತಾಗಿಸಿ. ಬರುವ ಪುಟದಲ್ಲಿ ಸೀರಿಯಲ್ ನಂಬರ್ ಇರುತ್ತೆ. ಸ್ಕ್ರೀನ್‌ಶಾಟ್ ತೆಗೆದ ಮೇಲೆ ಬ್ಯಾಟರಿ ಬಿಚ್ಚಿ. ಎಸೆಯಬೇಡಿ, ಸಾಕ್ಷಿ ಅದೇ.

‘ನಾನು ಎಲ್ಲಿದ್ದೆ ಅಂತ ಅವನಿಗೆ ಹೇಗೆ ಗೊತ್ತಾಯ್ತು’ ಅನ್ನುವ ಪ್ರಶ್ನೆಗೆ ಉತ್ತರ ಇಷ್ಟೂ ದೂರ ಇರದೆ ಫೋನಿನೊಳಗೇ ಇರಬಹುದು. ಗೂಗಲ್ ಮ್ಯಾಪ್ಸ್‌ನ ಲೊಕೇಶನ್ ಶೇರಿಂಗ್ ಹಿಂದೆಂದೋ ಆನ್ ಮಾಡಿ ಮರೆತದ್ದು, ವಾಟ್ಸಾಪಿನ ಲಿಂಕ್ಡ್ ಡಿವೈಸಸ್‌ನಲ್ಲಿ ಉಳಿದ ಯಾವುದೋ ಲ್ಯಾಪ್‌ಟಾಪ್, ಮಾರಿದ ಹಳೇ ಫೋನಿನಲ್ಲಿ ತೆರೆದೇ ಇರುವ ಜೀಮೇಲ್. ಮೂರನ್ನೂ ನೋಡಲು ಹತ್ತು ನಿಮಿಷ, ಖರ್ಚು ಸೊನ್ನೆ. ಒಂದು ಎಚ್ಚರ: ನಿಮ್ಮ ವೈಫೈಗೆ ಸೇರಿಕೊಂಡ ಸಾಧನಗಳ ಪಟ್ಟಿಯಲ್ಲಿ ಗುರುತಿಲ್ಲದ್ದೊಂದು ಕಂಡ ಕೂಡಲೇ ಯಾರೋ ನುಗ್ಗಿದ್ದಾರೆ ಅನ್ನಬೇಡಿ. ಆಂಡ್ರಾಯ್ಡ್ 10 ಮತ್ತು ಐಒಎಸ್ 14ರಿಂದ ಈಚೆಗೆ ಫೋನುಗಳು ಒಂದೊಂದು ವೈಫೈಗೆ ಒಂದೊಂದು ಸುಳ್ಳು ವಿಳಾಸ ಕೊಡುತ್ತವೆ. ಆ ಅಪರಿಚಿತ ನಿಮ್ಮ ಅಮ್ಮನ ಫೋನೇ ಆಗಿರಬಹುದು. ಎಸ್ಪ್ರೆಸಿಫ್ ಅಂತ ಹೆಸರು ಕಂಡರೂ ಅಷ್ಟೇ: ಅದು ಹೆಚ್ಚಾಗಿ ಸ್ಮಾರ್ಟ್ ಬಲ್ಬು, ಸ್ಮಾರ್ಟ್ ಪ್ಲಗ್ಗುಗಳಲ್ಲಿ ಕೂರುವ ಸಾಮಾನ್ಯ ಚಿಪ್ಪು ಮಾಡುವ ಕಂಪನಿ.

ಯಾರ ಕೈಗೆ ಕೊಡಬಾರದು

ನಾಲ್ಕೈದು ಹುಡುಗಿಯರು ಸೇರಿ ಒಂದು ಪಿಜಿಗೆ ಒಂದು ಡಬ್ಬಿ ಕೊಂಡರೆ ತಪ್ಪಿಲ್ಲ. ಊರೂರು ಸುತ್ತುವ ಕೆಲಸದವರು ಕೊಂಡರೂ ಸರಿ. ತಿಂಗಳಿಂದ ಸರಿಯಾಗಿ ನಿದ್ದೆ ಇಲ್ಲದೆ, ಮೂರು ರೂಮು ಬದಲಿಸಿ, ಮೂರರಲ್ಲೂ ಯಾರೋ ನೋಡುತ್ತಿದ್ದಾರೆ ಅನ್ನಿಸುತ್ತಿರುವವರ ಕೈಗೆ ಮಾತ್ರ ಕೊಡಬೇಡಿ. ಡಬ್ಬಿ ಎಲ್ಲಾ ರೂಮಲ್ಲೂ ಕುಂಯ್ ಅನ್ನುತ್ತೆ, ಅವರಿಗೆ ಅದು ರುಜುವಾತು. ಸುಮ್ಮನಿದ್ದರೆ ‘ಅವರಿಗೆ ನಾನು ಹುಡುಕೋದು ಗೊತ್ತಾಗಿ ಆಫ್ ಮಾಡಿದ್ದಾರೆ’ ಅನ್ನಿಸುತ್ತೆ. ಎರಡೂ ಉತ್ತರ ಒಂದೇ ಕಡೆಗೆ ಎಳೆಯುವಲ್ಲಿ ಯಂತ್ರಕ್ಕೆ ಕೆಲಸ ಇಲ್ಲ. ಮನೆ ಮುಂದೆ ತಾವೇ ಕ್ಯಾಮೆರಾ ಹಾಕಿಸಿಕೊಂಡವರದೂ ಇದೇ ಪಾಡು: ಕ್ಯಾಮೆರಾದ ಇನ್‌ಫ್ರಾರೆಡ್ ದೀಪದ ಮುಂದೆ ಜೇಡ ಬಲೆ ಕಟ್ಟಿ, ಹುಳ ಹಾರಿ, ರಾತ್ರಿಯಿಡೀ ಫೋನಿಗೆ ಎಚ್ಚರಿಕೆ ಬರುತ್ತೆ. ವಾರಕ್ಕೊಮ್ಮೆ ಬಲೆ ಒರೆಸಿ, ಮನುಷ್ಯರನ್ನು ಮಾತ್ರ ಗುರುತಿಸುವ ಆಯ್ಕೆ ಹಾಕಿ, ರಸ್ತೆಯ ಭಾಗವನ್ನು ಎಚ್ಚರಿಕೆ ಕೊಡುವ ವಲಯದಿಂದ ತೆಗೆದರೆ ಮುಕ್ಕಾಲು ಪಾಲು ಗದ್ದಲ ನಿಲ್ಲುತ್ತೆ.

ಯಂತ್ರಕ್ಕಿಂತ ಮೊದಲು ನಲವತ್ತು ಪುಟದ ನೋಟ್‌ಬುಕ್ ತನ್ನಿ. ಎಡಗಡೆ ಕಂಡದ್ದು: ತಾರೀಖು, ಗಂಟೆ, ಜಾಗ, ಬಟ್ಟೆ, ಗಾಡಿ ನಂಬರ್. ಬಲಗಡೆ ಅನ್ನಿಸಿದ್ದು. ಬೇರೆ ಬೇರೆ ಬರೆಯಬೇಕು. ‘ಹಿಂಬಾಲಿಸಿದ’ ಎಡಗಡೆಗೆ ಬರಕೂಡದು. ‘ಅರಸು ರಸ್ತೆಯ ಅಂಗಡಿ ಮುಂದೆ 6.10ಕ್ಕೆ, ಬಸ್ ಸ್ಟ್ಯಾಂಡಿನಲ್ಲಿ 6.40ಕ್ಕೆ ಅದೇ ನೀಲಿ ಶರ್ಟು’ ಬರಬೇಕು. ಎರಡು ವಾರದಲ್ಲಿ ಎಡಗಡೆ ಒಬ್ಬನೇ ಮನುಷ್ಯ, ಒಂದೇ ಗಾಡಿ ಮರುಕಳಿಸಿದರೆ ಅದು ಪೊಲೀಸರಿಗೆ ಕೊಡುವ ಕಾಗದ. ಎಡಗಡೆ ತೆಳುವಾಗಿ, ಬಲಗಡೆ ಮಾತ್ರ ತುಂಬಿ, ನೋಡುವವರು ದಿನಕ್ಕೊಬ್ಬರಾಗಿ ಹೆಚ್ಚುತ್ತಾ ಹೋದರೆ ಡಾಕ್ಟರಿಗೆ ತೋರಿಸುವ ಕಾಗದ. ನಿದ್ದೆಗೇಡು, ಗಾಂಜಾ, ಕೆಲವು ಔಷಧಿ, ಥೈರಾಯ್ಡ್ ಏರುಪೇರು ಇವೆಲ್ಲ ಇಂಥ ಅನುಮಾನ ಹುಟ್ಟಿಸಬಲ್ಲವು. ಟೆಲಿ ಮಾನಸ್ 14416ಕ್ಕೆ ಯಾವ ಹೊತ್ತಿನಲ್ಲಾದರೂ ಕನ್ನಡದಲ್ಲೇ ಮಾತಾಡಬಹುದು, ಪುಕ್ಕಟೆ. ಮೈಸೂರಿನ ಕೆ.ಆರ್. ಆಸ್ಪತ್ರೆಯಲ್ಲಿ, ಮಂಡ್ಯದ ಮಿಮ್ಸ್‌ನಲ್ಲಿ ಮನೋವೈದ್ಯ ವಿಭಾಗ ಇದೆ. ಜೊತೆಯಲ್ಲಿ ಇರುವವರು ‘ಎಲ್ಲಾ ನಿನ್ನ ಭ್ರಮೆ ಕಣೇ’ ಅನ್ನುವುದೂ ತಪ್ಪು, ಸಮಾಧಾನಕ್ಕೆ ಅಂತ ದಿನಾ ಜೊತೆ ಸೇರಿ ಗೋಡೆ ಸವರುವುದೂ ತಪ್ಪು. ‘ಭಯ ಆಗ್ತಿದೆ ಅಲ್ವಾ, ಇವತ್ತು ನಾನಿಲ್ಲೇ ಮಲಗ್ತೀನಿ, ನಾಳೆ ಒಟ್ಟಿಗೆ ತೋರಿಸ್ಕೊಂಡು ಬರೋಣ’ ಅಂದರೆ ಕೇಳುತ್ತಾರೆ.

ಕ್ಯಾಮೆರಾ ನಿಜಕ್ಕೂ ಸಿಕ್ಕಿತು ಅನ್ನಿ. ಕೀಳಬೇಡಿ, ಕಾರ್ಡ್ ತೆಗೆದು ನೋಡಬೇಡಿ; ಬೆರಳಚ್ಚು ಹೋಗುತ್ತೆ, ಫೈಲು ಕೆಡುತ್ತೆ. ದೂರದಿಂದ ಒಂದು, ಹತ್ತಿರದಿಂದ ಒಂದು ಫೋಟೋ ತೆಗೆದು, ಮೇಲೆ ಟವೆಲ್ ಇಳಿಬಿಟ್ಟು, ರೂಮಿಗೆ ಬೀಗ ಹಾಕಿ 112ಕ್ಕೆ ಫೋನ್ ಮಾಡಿ. ಮಾಲೀಕರಿಗೆ ಹೇಳುವುದು ಆಮೇಲೆ. ಚಿತ್ರ ಆನ್‌ಲೈನಿಗೆ ಹೋಗಿದೆ ಅಂತ ಗೊತ್ತಾದರೆ ಜಿಲ್ಲೆಯಲ್ಲಿ ಸೈಬರ್ ಅಪರಾಧ ನೋಡುವ ಪೊಲೀಸ್ ಠಾಣೆಗೆ. ಹೆಣ್ಣುಮಕ್ಕಳ ಖಾಸಗಿ ಕ್ಷಣ ಕದ್ದು ನೋಡುವುದು, ಚಿತ್ರ ತೆಗೆಯುವುದು 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನ್ಯಾಯ ಸಂಹಿತೆಯ 77ನೇ ಕಲಂ: ಮೊದಲ ಸಲಕ್ಕೆ 1ರಿಂದ 3 ವರ್ಷ, ಮತ್ತೆ ಮಾಡಿದರೆ 3ರಿಂದ 7 ವರ್ಷ. ಹಿಂಬಾಲಿಸುವುದು 78ನೇ ಕಲಂ. ಗಂಡಸರ ಚಿತ್ರ ತೆಗೆದಿದ್ದರೆ ಮಾಹಿತಿ ತಂತ್ರಜ್ಞಾನ ಕಾಯಿದೆಯ 66ಇ ಅನ್ವಯಿಸುತ್ತೆ, ಅದಕ್ಕೆ ಗಂಡು ಹೆಣ್ಣು ಭೇದ ಇಲ್ಲ.

ಇಷ್ಟೆಲ್ಲ ಕೇಳಿಯೂ ಕೊಳ್ಳುವುದಾದರೆ ಆನ್‌ಲೈನಿಗಿಂತ ಕೈಯಲ್ಲಿ ಹಿಡಿದು ನೋಡಿ ಕೊಳ್ಳಿ. ಗುಂಡಿ ಸಡಿಲವಾಗಿ ತಾನೇ ತಿರುಗುವಂತಿದ್ದರೆ ಬೇಡ, ಸೊನ್ನೆ ನಿಲ್ಲಲ್ಲ. ಆಂಟೆನಾದ ಬುಡ ಅಲುಗಾಡಿದರೆ ಬೇಡ. ವೈಬ್ರೇಷನ್ ಆಯ್ಕೆ ಇರುವುದನ್ನೇ ಕೇಳಿ, ಕುಂಯ್ ಶಬ್ದ ಪಕ್ಕದ ರೂಮಿಗೂ ಕೇಳುತ್ತೆ. ನಿಮ್ಮ ಫೋನಿನಿಂದ ಒಂದು ಕಾಲ್ ಮಾಡಿ ಒಂದು ಗೇಣು ದೂರ ಹಿಡಿದಾಗ ಎಲ್ಲ ದೀಪ ಹತ್ತಬೇಕು, ಒಂದು ಮಾರು ದೂರಕ್ಕೆ ಅರ್ಧವಾದರೂ ಇಳಿಯಬೇಕು. ಆಮೇಲೆ ಕಿಂಡಿಯನ್ನು ಕಣ್ಣಿಗೆ ಒತ್ತಿ, ಕೌಂಟರ್ ಮೇಲೆ ತೂಗುವ ಅಂಗಡಿಯವರದೇ ಸಿಸಿಟಿವಿ ಕಡೆ ತಿರುಗಿ. ಎರಡು ಹೆಜ್ಜೆ ದೂರದಿಂದ ಅದರ ನಡುವೆ ಕೆಂಪು ಚುಕ್ಕೆ ಕಾಣದಿದ್ದರೆ ಡಬ್ಬಿ ಅಲ್ಲೇ ವಾಪಸ್ ಇಡಿ.